ಅಮ್ಮನ ಜಾತಿ ಲೆಕ್ಕಕ್ಕಿಲ್ಲವೇ?

ಪ್ರೀತಿಯ ಗೆಳತಿ,

ನಿನ್ನ ಕಾಗದ ತಲುಪಿತು. ಮಗಳ ಜಾತಿ ಪ್ರಮಾಣಪತ್ರಕ್ಕೆ ಅರ್ಜಿ ಹಿಡಿದು ಹೋದರೆ, “ಅಪ್ಪನ ಜಾತಿ ಯಾವುದೋ ಮಗಳದ್ದೂ ಅದೇ, ಅಮ್ಮನದ್ದು ಲೆಕ್ಕಕ್ಕಿಲ್ಲ” ಎಂದು ಕೌಂಟರಿನಲ್ಲೇ ಸಾಗಹಾಕಿದರು ಎಂದು ಬರೆದಿದ್ದೀಯ. ಅಷ್ಟು ಸಸಾರವಾಗಿ ಹೇಳಿಬಿಡುವ ಮಾತಲ್ಲ ಅದು. ಕಾನೂನು ಹಾಗೆ ಹೇಳುವುದೂ ಇಲ್ಲ.

ಗುಜರಾತಿನ ಒಂದು ಪ್ರಕರಣದಲ್ಲಿ 2012ರಲ್ಲಿ ಸುಪ್ರೀಂ ಕೋರ್ಟ್ ಇದೇ ಪ್ರಶ್ನೆಯನ್ನು ಎತ್ತಿಕೊಂಡಿತು. ತಾಯಿ ಪರಿಶಿಷ್ಟ ಪಂಗಡದವಳು, ತಂದೆ ಕ್ಷತ್ರಿಯ. ತಂದೆಯ ಜಾತಿಯೊಂದನ್ನೇ ನೋಡಿ ಮಗನ ಪ್ರಮಾಣಪತ್ರ ರದ್ದು ಮಾಡಿದ್ದರು. ಮಗುವಿಗೆ ತಂದೆಯ ಜಾತಿ ಎಂಬ ಊಹೆಯಿಂದ ಹೊರಡಬಹುದು, ತಂದೆ ಮೇಲ್ಜಾತಿಯವನಾದರೆ ಆ ಊಹೆಗೆ ಬಲವೂ ಹೆಚ್ಚು. ಆದರೆ ಅದೇ ಕೊನೆಯ ಮಾತಲ್ಲ ಎಂದಿತು ಕೋರ್ಟು. ತಾಯಿಯ ಜನರ ನಡುವೆಯೇ ಬೆಳೆದೆ, ಅವರು ಉಂಡ ಅವಮಾನ, ಕೊರತೆಗಳನ್ನು ನಾನೂ ಉಂಡೆ, ಒಳಗಿನವರೂ ಹೊರಗಿನವರೂ ನನ್ನನ್ನು ಆ ಸಮುದಾಯದವರಲ್ಲೊಬ್ಬ ಎಂದೇ ಕಂಡರು ಎಂದು ತೋರಿಸಿಕೊಡುವ ಅವಕಾಶ ಮಗುವಿಗೆ ಇದೆ.

ನೀವಿಬ್ಬರೂ ನಿನ್ನ ತವರಿನ ಕೇರಿಯಲ್ಲೇ ಸಂಸಾರ ಹೂಡಿದವರು. ಮಗಳು ಹುಟ್ಟಿದ್ದೂ ಬೆಳೆದದ್ದೂ ಅಲ್ಲೇ. ಅದನ್ನೇ ಅರ್ಜಿಯಲ್ಲಿ ಬಿಡಿಸಿ ಬರೆ. ಪಡಿತರ ಚೀಟಿ, ಶಾಲೆಯ ದಾಖಲೆ, ಕೇರಿಯ ಹಿರಿಯರ ಹೇಳಿಕೆ ಎಲ್ಲ ಜೊತೆಗಿಡು. (ಮದುವೆಯಿಂದ ಮಾತ್ರ ಯಾರಿಗೂ ಮೀಸಲಾತಿ ಬರುವುದಿಲ್ಲ. ನಿನ್ನ ಗಂಡನಿಗೆ ಹೇಳಿಬಿಡು!)

ನಿನ್ನ ಹಳೆಯ ಟಿ.ಸಿ.ಯಲ್ಲಿ ಬರೀ ‘ಹರಿಜನ’ ಎಂದಿದೆ ಎಂದೆಯಲ್ಲ, ಅದು ಸಾಲದು. ರಾಷ್ಟ್ರಪತಿಗಳ 1950ರ ಆದೇಶದ ಪಟ್ಟಿಯಲ್ಲಿರುವ ಹೆಸರೇ ಬೇಕು. ನಿನ್ನ ತಂದೆಯ ಪ್ರಮಾಣಪತ್ರದಲ್ಲಿ ‘ಆದಿ ಕರ್ನಾಟಕ’ ಎಂದಿದೆ. ಅದರ ಪ್ರತಿಯನ್ನು ಮರೆಯದೆ ಲಗತ್ತಿಸು. ಆ ಪಟ್ಟಿಯನ್ನು ತಿದ್ದುವ ಅಧಿಕಾರ ಸಂಸತ್ತಿನದು ಮಾತ್ರ. ತಳವಾರರೂ ಪರಿವಾರದವರೂ ನಾಯಕರ ಜೊತೆ ಪರಿಶಿಷ್ಟ ಪಂಗಡದ ಪಟ್ಟಿ ಸೇರಲು 2020ರವರೆಗೆ ಕಾದರು. ಹೆಸರಿನ ಹಿಂದೆ ಹೋಗಿ ಸಾಕ್ಷ್ಯ ನೋಡಲು ಕೋರ್ಟು ಒಪ್ಪಿದ್ದು ಅಪರೂಪ, ಅದೂ ನಮ್ಮ ರಾಜ್ಯದ್ದೇ ಪ್ರಕರಣದಲ್ಲಿ. ಪಟ್ಟಿಯಲ್ಲಿ ‘ಭೋವಿ’ ಎಂದಿತ್ತು. ಹಳೆ ಮೈಸೂರಿನಲ್ಲಿ ಮೂಲತಃ ಆ ಹೆಸರಿನ ಪ್ರತ್ಯೇಕ ಜಾತಿಯೇ ಇರಲಿಲ್ಲ. ಒಡ್ಡರು 1940ರ ದಶಕದಲ್ಲಿ ತಾವೇ ಕೇಳಿ ಪಡೆದ ಹೆಸರದು. 1962ರ ಚುನಾವಣೆಯ ಒಂದು ಮೀಸಲು ಕ್ಷೇತ್ರದ ತಕರಾರು ಸುಪ್ರೀಂ ಕೋರ್ಟಿನವರೆಗೆ ಹೋಗಿ, ಭೋವಿ ಎಂದರೆ ಒಡ್ಡರೇ ಎಂದು ತೀರ್ಮಾನವಾಯಿತು.

ನನಗೆ ನುಂಗಲಾರದ ತುತ್ತು ಬೇರೆಯೇ ಇದೆ. 1994ರ ಮಾಧುರಿ ಪಾಟೀಲ್ ತೀರ್ಪಿನ ಪ್ರಕಾರ, ಸಂವಿಧಾನ ಜಾರಿಗೆ ಬರುವ ಮುಂಚಿನ ಶಾಲಾ ದಾಖಲೆಗಳಿಗೆ ತೂಕ ಹೆಚ್ಚು. ಪಡೆದ ಪ್ರಮಾಣಪತ್ರಗಳನ್ನು ಪರಿಶೀಲಿಸಲು ಸಮಿತಿ ಇರಬೇಕೆಂದೂ ಅದೇ ತೀರ್ಪು ಹೇಳಿತು. ಸುಳ್ಳು ಪತ್ರ ತಂದು ಸೀಟು, ಕೆಲಸ ಕಬಳಿಸುವವರನ್ನು ತಡೆಯಲು ಈ ಬಿಗಿ ಬೇಕು, ಒಪ್ಪುತ್ತೇನೆ. ಆದರೆ ಶಾಲೆಯ ಹೊಸ್ತಿಲು ತುಳಿಯಲು ಬಿಡದವರ ಮೊಮ್ಮಕ್ಕಳಿಂದ ಅಜ್ಜನ ಶಾಲೆಯ ದಾಖಲೆ ಕೇಳುವುದು ಯಾವ ನ್ಯಾಯ? ಖೊಟ್ಟಿ ದಾಖಲೆ ಹೊಂದಿಸಿಕೊಳ್ಳುವ ತಾಕತ್ತು ಉಳ್ಳವರಿಗೇ ಹೆಚ್ಚು. ದಾಖಲೆ ಇಲ್ಲದ ಕಡೆ ಸ್ಥಳಕ್ಕೆ ಹೋಗಿ, ನೆರೆಹೊರೆಯವರನ್ನು ಕೇಳಿ, ಮಹಜರು ಬರೆಯುವ ಶ್ರಮವನ್ನು ಅಧಿಕಾರಿಗಳೇ ತೆಗೆದುಕೊಳ್ಳಬೇಕು.

ಕೌಂಟರಿನಲ್ಲಿ ಬಾಯಿಮಾತಿಗೆ ಅಂದದ್ದು ಆದೇಶವಲ್ಲ. ನಾಳೆಯೇ ಹೋಗಿ ಅರ್ಜಿ ಸಲ್ಲಿಸು, ಸ್ವೀಕೃತಿ ಪಡೆ. ತಹಸೀಲ್ದಾರರು ತಿರಸ್ಕರಿಸಿದರೆ ಕಾರಣಗಳನ್ನು ಬರೆದು ಕೊಡಲಿ. ರಾಜ್ಯದ 1990ರ ಮೀಸಲಾತಿ ಕಾಯ್ದೆಯ ಅಡಿ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕಬಹುದು. ಸಿಇಟಿ ಹತ್ತಿರ ಬರುವವರೆಗೆ ಕಾಯಬೇಡ. ಆದೇಶ ಕೈಗೆ ಬಂದ ದಿನವೇ ನನಗೊಂದು ಪ್ರತಿ ಕಳಿಸು, ಮೇಲ್ಮನವಿ ಇಬ್ಬರೂ ಕೂತು ಬರೆಯೋಣ.

ಇಂತಿ ನಿನ್ನ ಗೆಳತಿ