ಬಿಳಿಯ ಸೀರೆಯ ವಿಚಾರ

ಇಂಥ ಸಂಚಿಕೆಗಳಿಗೆ ಲೇಖನವನ್ನು ಕೇಳಿದಾಗಲೆಲ್ಲ ನಾನು ಪರೀಕ್ಷೆಯ ಫಲಿತಾಂಶ, ಹೊಸ ಕೊಠಡಿ, ಗ್ರಂಥಾಲಯ ಇವುಗಳ ಬೆನ್ನಿಗೆ ಅಡಗಿಕೊಂಡು ಪಾರಾಗುವದು ರೂಢಿ. ಈ ಸಲ ಹಾಗೆ ಮಾಡಲಾರೆನು. ನಮ್ಮ ಹಳೆಯ ವಿದ್ಯಾರ್ಥಿನಿಯರಲ್ಲಿ ಅನೇಕರು ಬಲ್ಲ, ಆದರೆ ನನ್ನೆದುರಿಗೆ ಯಾರೂ ಎತ್ತದ ಸಂಗತಿಯೊಂದಿದೆ. ಅದನ್ನು ನಾನೇ ಎತ್ತುವೆನು. ನಾನು ಮನೆಯವರಿಗೆ ತಿಳಿಸದೆ ಹೋಗಿ ಮದುವೆಯಾದವಳು.

2001ನೆಯ ಇಸವಿಯಲ್ಲಿ, ನನ್ನ 23ನೆಯ ವಯಸ್ಸಿನಲ್ಲಿ, ಶಿಕ್ಷಕಿಯರ ತರಬೇತಿ ಮುಗಿದು ಕೆಲಸಕ್ಕೆ ಸೇರಿ ಒಂದು ವರ್ಷವಾಗಿದ್ದಾಗ, ಧಾರವಾಡದ ನಮ್ಮ ಮನೆಯ ಮೇಜಿನ ಮೇಲೆ ಒಂದು ಕಾಗದವನ್ನಿಟ್ಟು ಬೆಳಗಿನ ಬಸ್ಸಿನಲ್ಲಿ ಶಿವಮೊಗ್ಗೆಗೆ ಹೋದೆನು. ಅಲ್ಲಿ ಅಧ್ಯಾಪಕರಾಗಿದ್ದ ನನ್ನ ಪತಿಯವರು ಹಿಂದೂ ಮನೆತನದವರು. ನನ್ನ ತಂದೆಯವರೂ ಅಧ್ಯಾಪಕರೇ; ಸಭೆಯ ಹಿರಿಯರು; ಮೃದುಮಾತಿನವರಾದರೂ ಈ ವಿಷಯದಲ್ಲಿ ಒಪ್ಪತಕ್ಕವರಲ್ಲವೆಂದು ನಾನು ಕೇಳದೆಯೇ ತೀರ್ಮಾನಿಸಿದ್ದೆನು. 'ಕೇಳದೆಯೇ' ಎಂಬ ಮಾತನ್ನು ವಾಚಕರು ನೆನಪಿನಲ್ಲಿಡಬೇಕು.

ಈ ವರ್ಷ ಅದಕ್ಕೆ 25 ವರ್ಷಗಳು ತುಂಬುತ್ತವೆ. ಕಳೆದ ಕ್ರಿಸ್ಮಸ್ ರಜೆಯಲ್ಲಿ, 78 ವರ್ಷದ ನನ್ನ ತಾಯಿಯವರು ಟ್ರಂಕಿನ ತಳದಿಂದ ಒಂದು ಬಿಳಿಯ ರೇಶಿಮೆ ಸೀರೆಯನ್ನು ತೆಗೆದು ನನ್ನ ತೊಡೆಯ ಮೇಲಿಟ್ಟರು. ನನ್ನ ಮದುವೆಗೆಂದು 2000ದಲ್ಲಿ ಕೊಂಡದ್ದು. ಒಂದು ಸಲವೂ ಮಡಿಕೆ ಬಿಚ್ಚದೆ, ಮಡಿಕೆಯ ಗೆರೆಗಳಲ್ಲಿ ಹಳದಿಯಾಗಿತ್ತು. "ನೀವಿಬ್ಬರೂ ದೇವಾಲಯದಲ್ಲಿ ನಿಂತು ಪ್ರಮಾಣವನ್ನು ಮತ್ತೊಮ್ಮೆ ಹೇಳಿರಿ. ಊಟ ಹಾಕಿಸುವೆನು. ನಾನೂ ಒಂದು ಮದುವೆಯನ್ನು ನೋಡಿದಂತಾಗಲಿ" ಎಂದರು.

ಯಾವ ಪ್ರಮಾಣವನ್ನು ಮತ್ತೊಮ್ಮೆ ಹೇಳಬೇಕು? ನಮ್ಮ ಮದುವೆ ನಡೆದದ್ದು 1954ರ ವಿಶೇಷ ವಿವಾಹ ಕಾಯಿದೆಯಂತೆ. ವಿವಾಹಾಧಿಕಾರಿಯ ಮತ್ತು ಮೂವರು ಸಾಕ್ಷಿಗಳ ಎದುರಿಗೆ, ನಿಮ್ಮನ್ನು ನ್ಯಾಯಸಮ್ಮತ ಪತಿಯಾಗಿ ಸ್ವೀಕರಿಸಿದ್ದೇನೆಂದು ನಾನೂ, ಪತ್ನಿಯಾಗಿ ಸ್ವೀಕರಿಸಿದ್ದೇನೆಂದು ಅವರೂ ಹೇಳಬೇಕು, ಅಷ್ಟೇ. ಒಂದೇ ವಾಕ್ಯ. ಫ್ಯಾನಿನ ಸದ್ದಿನಲ್ಲಿ ಅದೂ ಸರಿಯಾಗಿ ಕೇಳಿಸಲಿಲ್ಲ. ರೋಗದಲ್ಲಿಯೂ ಬಡತನದಲ್ಲಿಯೂ ಜೊತೆಗಿರುವೆನೆಂಬ ಮಾತುಗಳನ್ನು ನಾವು ಎಂದೂ ಆಡಿದವರಲ್ಲ. 2008ರಲ್ಲಿ ಅವರು ನಾಲ್ಕು ತಿಂಗಳು ಹಾಸಿಗೆ ಹಿಡಿದಾಗಲೂ, ಒಂದೇ ಸಂಬಳದಲ್ಲಿ ಮೂರು ಹೊಟ್ಟೆ ತುಂಬಬೇಕಾದಾಗಲೂ ಆಡದ ಮಾತನ್ನೇ ನಡೆಸಿದೆವು. ಆಡಿಲ್ಲದ್ದನ್ನು ನವೀಕರಿಸುವದು ಹೇಗೆ? ಕಾಯಿದೆಯ ದೃಷ್ಟಿಯಲ್ಲಿ ಎರಡನೆಯ ಸಮಾರಂಭದಿಂದ ಮದುವೆಗೆ ಕೂಡುವದೂ ಇಲ್ಲ, ಕಳೆಯುವದೂ ಇಲ್ಲ.

ಪತಿಯವರನ್ನು ಕೇಳಿದೆನು. "ಎರಡನೆಯ ಸಲ ಓಡಿಹೋಗಬೇಕಾದರೆ ನನ್ನ ಮಂಡಿಗಳು ಒಪ್ಪವು, ಕುಳಿತು ಉಣ್ಣುವದಕ್ಕೆ ಅಡ್ಡಿಯಿಲ್ಲ" ಎಂದರು. ಅತ್ತೆಯವರಾದರೋ ಭಾರತದ ಕಥೆಯನ್ನೇ ಆಧಾರವಾಗಿ ತೆಗೆದರು. ಅರ್ಜುನನು ಸುಭದ್ರೆಯನ್ನು ರಥದಲ್ಲಿ ಕೊಂಡೊಯ್ದಾಗ ಬಲರಾಮನು ಕೆರಳಿದನು. ಕೃಷ್ಣನು ಸಮಾಧಾನ ಹೇಳಿ ಅವರನ್ನು ದ್ವಾರಕೆಗೆ ತಿರುಗಿ ಕರೆಯಿಸಿ ವಿಧಿಯಂತೆ ಮದುವೆಯನ್ನು ನಡೆಯಿಸಿದನು. "ತಿರುಗಿ ಕರೆಯುವವರಿದ್ದರೆ ಹೋಗಬೇಕಮ್ಮಾ" ಎಂದರು. ನನ್ನ ಮನಸ್ಸು ಮಾತ್ರ ಕಾಲೇಜಿನಲ್ಲಿ ಓದಿದ ಎಲಿಜಬೆತ್ ಬ್ಯಾರೆಟ್ಟಳ ಕಡೆಗೆ ಹೋಯಿತು. 1846ರ ಸೆಪ್ಟೆಂಬರ 12ರಂದು ಲಂಡನ್ನಿನ ಸೇಂಟ್ ಮ್ಯಾರಿಲಿಬೋನ್ ದೇವಾಲಯದಲ್ಲಿ ರಾಬರ್ಟ್ ಬ್ರೌನಿಂಗರನ್ನು ಗುಟ್ಟಾಗಿ ವರಿಸಿ, ಏನೂ ಆಗದವಳಂತೆ ತಂದೆಯ ಮನೆಗೆ ಮರಳಿ, ಒಂದು ವಾರದ ನಂತರ ಇಟಲಿಗೆ ಹೊರಟಳು. ಆಗ ಅವಳ ವಯಸ್ಸು 40. ಆಕೆ ಬರೆದ ಪತ್ರಗಳನ್ನು ತಂದೆಯು ಒಡೆಯದೆಯೇ ತಿರುಗಿ ಕಳುಹಿಸಿದನು. 1857ರಲ್ಲಿ ಅವನು ತೀರಿಕೊಳ್ಳುವವರೆಗೂ ಕ್ಷಮಿಸಲಿಲ್ಲ. ತಿರುಗಿ ಕರೆಯತಕ್ಕವರೇ ಇಲ್ಲವಾದ ಮೇಲೆ ಯಾವ ದ್ವಾರಕೆ?

ನನ್ನ ತಂದೆಯವರು 2009ರಲ್ಲಿ ತೀರಿಕೊಂಡರು. ಮೊಮ್ಮಗಳು ಹುಟ್ಟಿದ 2005ರಲ್ಲಿ ಒಮ್ಮೆ ಬಂದಿದ್ದರು. ಮಗುವಿನೊಡನೆ ಮಾತಾಡಿದರು, ಅಳಿಯನೊಡನೆ ಮಳೆಬೆಳೆಯ ವಿಚಾರವನ್ನಾಡಿದರು, ನನ್ನೊಡನೆ ಏನನ್ನೂ ಆಡಲಿಲ್ಲ.

ಇನ್ನು ಶಾಲೆಯ ವಿಚಾರ. ಹೋದ ವರ್ಷ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು, "ಮೇಡಂ, ನೀವೂ ಓಡಿಹೋದವರಂತಲ್ಲ?" ಎಂದು ನೇರವಾಗಿ ಕೇಳಿದಳು. ನಾನು ಹಾರ ಹಾಕಿಕೊಂಡು ನಿಂತರೆ, ಹೆಣ್ಣುಮಕ್ಕಳನ್ನು ನನ್ನ ವಶಕ್ಕೆ ಒಪ್ಪಿಸಿದ ಪೋಷಕರು ಏನೆಂದುಕೊಂಡಾರು? ಪೋಷಕರೇ, ಆ ಹುಡುಗಿಗೆ ಹೇಳಿದ್ದನ್ನೇ ನಿಮಗೂ ಹೇಳುವೆನು. ಆ ಕಾಯಿದೆಯು ಹೆಣ್ಣಿಗೆ 18, ಗಂಡಿಗೆ 21 ವರ್ಷ ತುಂಬಿರಬೇಕೆನ್ನುತ್ತದೆ. ನನಗೆ ಅದಕ್ಕಿಂತ ಹೆಚ್ಚು ತುಂಬಿತ್ತು, ಕೈಯಲ್ಲಿ ನನ್ನದೇ ಸಂಬಳವಿತ್ತು. ಮದುವೆಯಾದದ್ದಕ್ಕೆ ನನಗೆ ಪಶ್ಚಾತ್ತಾಪವಿಲ್ಲ. ಬಚ್ಚಿಟ್ಟದ್ದಕ್ಕೆ ಇದೆ. ಅದು ಎಷ್ಟೆಂಬದು ಈ ಸೀರೆಯ ದಿನದವರೆಗೆ ನನಗೇ ತಿಳಿದಿರಲಿಲ್ಲ.

ಆ ಕಾಯಿದೆಯಲ್ಲಿ ಇನ್ನೊಂದು ವಿಧಿಯಿದೆ. ಮದುವೆಗೆ 30 ದಿನಗಳ ಮುಂಚೆ ನೋಟೀಸು ಕೊಡಬೇಕು. ಅದನ್ನು ಕಚೇರಿಯಲ್ಲಿ ಎಲ್ಲರಿಗೂ ಕಾಣುವಂತೆ ಅಂಟಿಸಬೇಕು. ಕಕ್ಷಿಗಳಲ್ಲೊಬ್ಬರ ಕಾಯಂ ವಾಸ ಬೇರೆ ಜಿಲ್ಲೆಯಲ್ಲಿದ್ದರೆ ಆ ಜಿಲ್ಲೆಯ ಕಚೇರಿಗೂ ಒಂದು ಪ್ರತಿಯನ್ನು ಕಳುಹಿಸಿ ಅಲ್ಲಿಯೂ ಅಂಟಿಸಬೇಕು. ಗುಟ್ಟಾಗಿ ಮದುವೆಯಾಗುವವರ ಗುಟ್ಟನ್ನು ಸರಕಾರವೇ ಗೋಡೆಗೆ ಅಂಟಿಸುತ್ತದೆ! ಧಾರವಾಡದಲ್ಲಿ ನನ್ನ ಹೆಸರು ಒಂದು ತಿಂಗಳು ಗೋಡೆಯ ಮೇಲಿತ್ತು. ಯಾರೂ ಓದಲಿಲ್ಲವೆಂದು 25 ವರ್ಷ ನಾನು ನಂಬಿದ್ದೆನು.

"ನಿಮ್ಮ ಅಪ್ಪ ಓದಿದ್ದರು" ಎಂದರು ತಾಯಿಯವರು, ಸೀರೆಯ ಅಂಚನ್ನು ಸವರುತ್ತ.

ಬೇರೆ ಯಾವದೋ ಕೆಲಸಕ್ಕೆ ಆ ಕಚೇರಿಗೆ ಹೋದವರು ಕಂಡಿದ್ದರಂತೆ. ಮನೆಗೆ ಬಂದು ತಾಯಿಯವರೊಬ್ಬರಿಗೇ ಹೇಳಿ, ಆಕೆಯ ಬಾಯನ್ನೂ ಕಟ್ಟಿದರಂತೆ. ಆಕ್ಷೇಪಣೆ ಸಲ್ಲಿಸಲಿಲ್ಲ; ಸಲ್ಲಿಸಿದ್ದರೂ ತಂದೆಯ ಅಸಮ್ಮತಿ ಕಾಯಿದೆಗೆ ಕಾರಣವಾಗದು. "ಅವಳೇ ಬಂದು ಹೇಳಲಿ, ಹೇಳಿದರೆ ನಾನೇ ಹೋಗಿ ಸಾಕ್ಷಿ ಹಾಕುವೆನು" ಎಂದು ಉಳಿದ ದಿನಗಳನ್ನೆಲ್ಲ ಕಾದರಂತೆ. ಆ ದಿನಗಳಲ್ಲಿ ಪ್ರತಿರಾತ್ರಿ ಊಟದ ನಂತರ ಅವರು ಏಳದೆ ಬಹಳ ಹೊತ್ತು ಕುಳಿತಿರುತ್ತಿದ್ದದ್ದು ನನಗೆ ಜ್ಞಾಪಕವಿದೆ. ವಯಸ್ಸಾಯಿತೆಂದುಕೊಂಡು ನಾನು ತಟ್ಟೆಗಳನ್ನು ಎತ್ತುತ್ತಿದ್ದೆನು.

ಆಮೇಲೆ ಹಲವು ದಿನ ನಾನು ಯಾರೊಡನೆಯೂ ಈ ಮಾತನ್ನೆತ್ತಲಿಲ್ಲ. ಕಡೆಗೆ ನಿಶ್ಚಯಿಸಿದ್ದಿಷ್ಟು. ಮದುಮಗಳ ವೇಷ ಬೇಡ, ಹಾರ ಬದಲಿಸುವದು ಬೇಡ, ಪ್ರಮಾಣವನ್ನು ಮರಳಿ ಹೇಳುವದೂ ಬೇಡ. ಒಂದು ಸ್ತೋತ್ರಾರಾಧನೆ, ಅದರ ಮೇಲೆ ಊಟ. ನಮ್ಮ ಸಭೆಗಳಲ್ಲಿ ಮದುವೆಗೆ ಮುಂಚೆ ಮೂರು ಆದಿತ್ಯವಾರ ವಧೂವರರ ಹೆಸರುಗಳನ್ನು ಓದಿ ಹೇಳುವ ಪದ್ಧತಿಯನ್ನು ನೀವೆಲ್ಲ ಬಲ್ಲಿರಿ. ನನ್ನ ಹೆಸರು ಗೋಡೆಯ ಮೇಲೆ ಬಂದಿತೇ ಹೊರತು ಆ ಪೀಠದಿಂದ ಎಂದೂ ಕೇಳಿಬರಲಿಲ್ಲ. ಆದುದರಿಂದ ಆರಾಧನೆಯ ಪ್ರಕಟಣೆಯನ್ನಾದರೂ, ನಮ್ಮಿಬ್ಬರ ಹೆಸರು ಹಿಡಿದು, ತಂದೆಯವರು ಕೂಡುತ್ತಿದ್ದ ದೇವಾಲಯದಲ್ಲಿಯೇ ಓದಬೇಕೆಂದು ಕೇಳಿಕೊಳ್ಳುವೆನು. ಅಂದಿನ ಮೂವರು ಸಾಕ್ಷಿಗಳಲ್ಲಿ ಬದುಕಿರುವ ಇಬ್ಬರನ್ನೂ ಕರೆಯುವೆನು. ಸೀರೆಯನ್ನು ಉಡುವೆನು, ಹಳದಿಯ ಗೆರೆಗಳು ತೊಳೆದರೂ ಹೋಗಲಿಲ್ಲವಾದ್ದರಿಂದ ಹಾಗೆಯೇ ಉಡುವೆನು.

ಇದನ್ನು ತಾಯಿಯವರಿಗೆ ತಿಳಿಸಿ, ಪಾದ್ರಿಯವರನ್ನು ಯಾವಾಗ ಕಾಣೋಣವೆಂದು ಕೇಳಿದೆನು. ಅವರು ಕನ್ನಡಕವನ್ನು ಒರೆಸಿಕೊಳ್ಳುತ್ತ, ಪಾದ್ರಿಯವರಿಗೆ ತಾವು ಕ್ರಿಸ್ಮಸ್‌ಗಿಂತ ಮುಂಚೆಯೇ ಹೇಳಿಟ್ಟಿರುವದಾಗಿಯೂ, ಅಡಿಗೆಯವನಿಗೆ ಮುಂಗಡ ಕೊಟ್ಟಾಗಿದೆಯೆಂದೂ ಹೇಳಿದರು.