ನೆನಪಿನ ಬಾಡಿಗೆ

ಮನೆಯ ಹಿರಿಯರ ಭಾವಚಿತ್ರಗಳೆಲ್ಲ ಸಾಲ ಕೊಟ್ಟವನ ಪೆಟ್ಟಿಗೆಯಲ್ಲಿದ್ದರೆ ಮಕ್ಕಳ ಗತಿಯೇನು? ಅಜ್ಜನ ಮುಖ ಕಾಣಬೇಕೆನಿಸಿದಾಗಲೆಲ್ಲ ಬಾಡಿಗೆ ತೆತ್ತು ಕಾಣಬೇಕು. ಪರರ ಆಳ್ವಿಕೆಯಲ್ಲಿದ್ದ ಎಷ್ಟೋ ಜನಾಂಗಗಳ ಪಾಡು ಇದೇ. ನೆಲವೇನೋ ಕೈಗೆ ಬಂದಿತು. ನೆನಪು ಮಾತ್ರ ಹಳೆಯ ಒಡೆಯರ ಉಗ್ರಾಣದಲ್ಲಿಯೇ ಉಳಿಯಿತು. ಸಾಕ್ಷ್ಯಚಿತ್ರಗಳ ನಿರ್ಮಾಪಕ ರವೂಲ್ ಪೆಕ್ ಇದನ್ನು ಅನುಭವದಿಂದ ಬಲ್ಲವರು.

ಪೆಕ್ ಹುಟ್ಟಿದ್ದು 1953ರಲ್ಲಿ, ಹೈಟಿಯಲ್ಲಿ. ಆಫ್ರಿಕದಿಂದ ಹಡಗುಗಳಲ್ಲಿ ಸಾಗಿಸಲ್ಪಟ್ಟ ಗುಲಾಮರು ಫ್ರೆಂಚರನ್ನು ಸೋಲಿಸಿ 1804ರಲ್ಲಿ ಸ್ವತಂತ್ರಗೊಳಿಸಿದ ನಾಡು ಅದು. ಅಲ್ಲಿ ಡ್ಯುವಾಲಿಯರನ ಸರ್ವಾಧಿಕಾರ ಬಲಿತಾಗ, ಬೇಸಾಯತಜ್ಞರಾದ ತಂದೆ ಸಂಸಾರವನ್ನು ಕಾಂಗೋಗೆ ಕರೆದೊಯ್ದರು. ಬೆಲ್ಜಿಯನ್ನರು ಬಿಟ್ಟುಹೋದ ಕಾಂಗೋದಲ್ಲಿ ಉಚ್ಚಶಿಕ್ಷಣ ಪಡೆದವರೇ ವಿರಳ. ಫ್ರೆಂಚ್ ಬಲ್ಲ ಹೈಟಿಯ ವಿದ್ಯಾವಂತರಿಗೆ ಅಲ್ಲಿ ಕೆಲಸವಿತ್ತು. ಪೂರ್ವಿಕರು ಸಂಕೋಲೆ ತೊಟ್ಟು ಅಗಲಿದ ಖಂಡಕ್ಕೆ ಬಾಲಕ ಪೆಕ್ ಉದ್ಯೋಗಸ್ಥರ ಮಗನಾಗಿ ಮರಳಿದ. ಮೈಬಣ್ಣ ಒಂದೇ, ಮಾತು ಬೇರೆ, ಬಾಳು ಬೇರೆ. ಮರಳಿ ಬಂದವನಿಗೂ ಅದು ಪರದೇಶವೇ!

ಆ ನಾಡಿನ ಮೊದಲ ಪ್ರಧಾನಿ ಪಾತ್ರಿಸ್ ಲುಮುಂಬಾ. 1960ರ ಜೂನ್ 30ರಂದು ಕಾಂಗೋ ಸ್ವತಂತ್ರವಾಯಿತು. 1961ರ ಜನವರಿ 17ರಂದು ಕಟಾಂಗದಲ್ಲಿ ಆತನನ್ನು ಗುಂಡಿಟ್ಟು ಕೊಂದರು. ಸಮಾಧಿಯೂ ಉಳಿಯಬಾರದೆಂದು ದೇಹವನ್ನು ಆಮ್ಲದಲ್ಲಿ ಕರಗಿಸಿದರು.

ಸುಮಾರು ಮೂವತ್ತು ವರ್ಷಗಳ ಬಳಿಕ ಪೆಕ್ ಆತನನ್ನು ಕುರಿತು ಸಾಕ್ಷ್ಯಚಿತ್ರ ತೆಗೆಯಹೊರಟರು. ಕಾಂಗೋ ಆಗ ಮೊಬುಟುವಿನ ಜಾಯಿರೆ; ಅಲ್ಲಿ ಚಿತ್ರೀಕರಣ ಸಾಧ್ಯವಾಗಲಿಲ್ಲ. ಲುಮುಂಬಾ ಕಾಣಿಸುವ ಹಳೆಯ ಸುದ್ದಿಚಿತ್ರಗಳೋ, ಯೂರೋಪಿನ ಕಂಪನಿಗಳ ಸ್ವತ್ತು, ನಿಮಿಷಕ್ಕಿಷ್ಟೆಂದು ಬೆಲೆ. ಬಡ ಕಾಂಗೋಲಿಗನ ಮನೆಯ ದುಃಖವನ್ನು ಅವನೇ ಕೊಳ್ಳಲಾರ!

ಪೆಕ್ ಕೈಚೆಲ್ಲಲಿಲ್ಲ. ಇಲ್ಲದುದನ್ನೇ ಬಂಡವಾಳವಾಗಿಸಿದರು. ಬ್ರಸೆಲ್ಸಿನ ಬೀದಿಗಳನ್ನೂ ಚೌಕಗಳನ್ನೂ ತೋರಿಸುತ್ತ ಅದರ ಮೇಲೆ ಕಾಂಗೋದ ಕಥೆ ಹೇಳಿದರು. ಲಿಯೊಪೋಲ್ಡ್‌ವಿಲ್ಲಿನ ನಗರಾಡಳಿತದಲ್ಲಿ ಕೆಲಸ ಮಾಡಿದ್ದ ತಾಯಿಯಿಂದ ಕೇಳಿದ ಸಂಗತಿಗಳೇ ಕಡತಗಳಾದವು. ದೊರೆಗಳ ದಾಖಲೆ ಒಂದು ಕಡೆ, ತಾಯಿಯ ಮಾತು ಇನ್ನೊಂದು ಕಡೆ. ತಕ್ಕಡಿ ಯಾವ ಕಡೆ ಬಾಗಿತೆಂಬುದನ್ನು ನೋಡಿದವರೇ ಬಲ್ಲರು.

ಮುಂದೆ 2016ರಲ್ಲಿ ಇದೇ ಬಗೆಯ ಸಾಹಸ ಅಮೆರಿಕದಲ್ಲಿ ನಡೆಯಿತು. ಲೇಖಕ ಜೇಮ್ಸ್ ಬಾಲ್ಡ್ವಿನ್ ಪೂರ್ತಿಗೊಳಿಸದೆ ಬಿಟ್ಟ ಸುಮಾರು 30 ಪುಟಗಳ ಹಸ್ತಪ್ರತಿಯಿಂದ ಪೆಕ್ ಇಡಿಯ ಚಿತ್ರವನ್ನು ಕಟ್ಟಿದರು. ಮೆಡ್ಗರ್ ಎವರ್ಸ್, ಮಾಲ್ಕಮ್ ಎಕ್ಸ್, ಮಾರ್ಟಿನ್ ಲೂಥರ್ ಕಿಂಗ್ — ಕೊಲೆಯಾದ ಮೂವರು ಗೆಳೆಯರನ್ನು ಕುರಿತ ಬರಹ ಅದು. ಹೈಟಿಯವನಿಗೆ ಕಾಂಗೋದ ಲುಮುಂಬಾ ಏನಾಗಬೇಕು, ಅಮೆರಿಕದ ಬಾಲ್ಡ್ವಿನ್ ಏನಾಗಬೇಕು? ವಂಶಾವಳಿಯಲ್ಲಿ ಉತ್ತರವಿಲ್ಲ. ಒಂದೇ ಗಾಯವನ್ನು ಹಲವು ನಾಡುಗಳಲ್ಲಿ ಹೊತ್ತವರಿಗೆ ಆ ಗಾಯವೇ ನಂಟು.

2022ರ ಜೂನ್ ತಿಂಗಳಿನಲ್ಲಿ ಬೆಲ್ಜಿಯಂ ಲುಮುಂಬಾನ ಕುಟುಂಬಕ್ಕೆ ಒಂದು ಹಲ್ಲನ್ನು ಹಿಂದಿರುಗಿಸಿತು. ದೇಹವನ್ನು ಕರಗಿಸಿದವರಲ್ಲಿ ಒಬ್ಬನಾದ ಬೆಲ್ಜಿಯಂ ಪೊಲೀಸ್ ಅಧಿಕಾರಿ ಅದನ್ನು ತೆಗೆದಿಟ್ಟುಕೊಂಡಿದ್ದ. ಅರುವತ್ತೊಂದು ವರ್ಷಗಳ ತರುವಾಯ, ಆ ಒಂದು ಹಲ್ಲಿಗೆ ಕಿನ್ಶಾಸಾದಲ್ಲಿ ರಾಷ್ಟ್ರಗೌರವದ ಸಂಸ್ಕಾರ ನಡೆಯಿತು.