ತಕ್ಕಡಿಗೆ ತಿಳಿಯದ ತೂಕ

ದಾವಣಗೆರೆ ಜಿಲ್ಲೆಯ ನ್ಯಾಮತಿ ತಾಲ್ಲೂಕಿನ ಸೂರಗೊಂಡನಕೊಪ್ಪವು, 1739ರಲ್ಲಿ ಸಂತ ಸೇವಾಲಾಲರು ಜನಿಸಿದ ಸ್ಥಳವೆಂದು ಬಂಜಾರರಿಗೆ ಪೂಜ್ಯವಾದುದು. ಫೆಬ್ರುವರಿಯ ಜಯಂತಿಗೆ ದೂರದೂರದ ತಾಂಡಾಗಳ ಜನರು ಇಲ್ಲಿ ನೆರೆಯುತ್ತಾರೆ. ಇವರ ಪೂರ್ವಿಕರು ಎತ್ತುಗಳ ಬೆನ್ನಿಗೆ ಉಪ್ಪು, ಧಾನ್ಯಗಳನ್ನು ಹೇರಿ ದೇಶ ಸುತ್ತಿದವರು. ಹೇರಿನ ತೂಕವೇ ಅವರ ಜೀವನೋಪಾಯ.

ಆ ತೂಕವಾದರೂ ಸ್ಥಿರವಲ್ಲ. ಕಡಲತೀರದ 100 ಕಿಲೋ ಉಪ್ಪಿನ ಮೂಟೆಯನ್ನು ಘಟ್ಟದ ಮೇಲಿನ ಈ ನೆಲಕ್ಕೆ ತಂದರೆ, ಭೂಮಿಯ ಸೆಳೆತ ಕುಗ್ಗಿ, ಅದರ ಭಾರ ಹತ್ತಿಪ್ಪತ್ತು ಗ್ರಾಂನಷ್ಟು ಇಳಿಯುತ್ತದೆ. ತಕ್ಕಡಿ ಇದನ್ನು ತೋರದು. ಉಪ್ಪಿನೊಡನೆ ತೂಕದ ಬಟ್ಟೂ ಹಗುರವಾಗಿರುತ್ತದೆ. ತೋರಬಲ್ಲುದು ಲೋಲಕ: ಸೆಳೆತ ಕುಗ್ಗಿದೆಡೆ ಅದರ ತೂಗಾಟ ನಿಧಾನವಾಗುತ್ತದೆ.

ಭೂಮಾಪನ ಇಲಾಖೆಯ ಕ್ಯಾಪ್ಟನ್ ಬಸೇವಿಯು 1865ರಿಂದ ಇಂತಹ ಲೋಲಕಗಳೊಡನೆ ದಕ್ಷಿಣದಿಂದ ಹಿಮಾಲಯದವರೆಗೆ ಸಂಚರಿಸಿ, 1871ರಲ್ಲಿ ಲಡಾಖಿನ ಮೋರೆ ಬಯಲಿನಲ್ಲಿ ಪ್ರಾಣ ತೆತ್ತನು. ಅಲ್ಲಿನ ಸೆಳೆತ ಎಣಿಸಿದ್ದಕ್ಕಿಂತ ಕಡಮೆಯಿತ್ತು. ಮಹಾಪರ್ವತದ ಬುಡದಲ್ಲಿ ಹಗುರವಾದ ಶಿಲೆಯಿದೆಯೆಂಬ ಊಹೆಗೆ ಇದರಿಂದ ಬಲ ಬಂದಿತು.

ಚಂದ್ರನಲ್ಲಿ ಮೂಟೆಯ ಭಾರ ಆರರಲ್ಲೊಂದು ಪಾಲಾದರೂ ತಕ್ಕಡಿ ಹಳೆಯ ಲೆಕ್ಕವನ್ನೇ ಹೇಳೀತು. ಹದಿನಾಲ್ಕು ಲೋಕಗಳ ಕಥೆ ಕಟ್ಟಿ, ಒಂದೊಂದರ ಸೆಳೆತವನ್ನೂ ಅಳೆಯಹೊರಡುವ ಕವಿಯು ಎತ್ತಿನ ಮೇಲೆ ಹೇರಬೇಕಾದುದು ಲೋಲಕವನ್ನೇ.